ಕದ ಎಲ್ಲಿ ನಿಲ್ಲಬೇಕು? ಬಾಗಿಲ ತಡೆಗಳಲ್ಲಿ ನಿಮ್ಮ ಮನೆಗೆ ಯಾವುದು

ಗೃಹಪ್ರವೇಶ ಮುಗಿದು ಹದಿನೈದು ದಿನವಾಗಿರಲಿಲ್ಲ, ನನ್ನ ತಂಗಿಯ ಮನೆಯಲ್ಲಿ ಮಲಗುವ ಕೋಣೆಯ ಸ್ವಿಚ್‌ಬೋರ್ಡ್ ಒಡೆಯಿತು. ಅದನ್ನು ಒಡೆದದ್ದು ಬಾಗಿಲಿನ ಹಿಡಿಕೆ. ಎಲೆಕ್ಟ್ರಿಷಿಯನ್ ಬೋರ್ಡನ್ನು ಕದದ ಹಿಂದೆ ಕೂರಿಸಿದ್ದ. ಬಡಗಿ ಕದವನ್ನು ಅದೇ ಗೋಡೆಯ ಕಡೆಗೆ ತೆರೆಯುವಂತೆ ಕೂರಿಸಿದ್ದ. ಒಬ್ಬರ ಕೆಲಸವನ್ನು ಇನ್ನೊಬ್ಬರು ನೋಡಿರಲಿಲ್ಲ. ತಂಗಿ ಹಾರ್ಡ್‌ವೇರ್ ಅಂಗಡಿಗೆ ಹೋಗಿ ಸ್ಟಾಪರ್ ಕೊಡಿ ಎಂದಾಗ ಅಂಗಡಿಯವರು ಏಳು ಬಗೆಯವನ್ನು ಗಾಜಿನ ಮೇಲೆ ಹರವಿದರಂತೆ. ಎಲ್ಲದರ ಫೋಟೊ ತೆಗೆದು ನನಗೆ ಕಳುಹಿಸಿ, "ಅಣ್ಣ, ಇದರಲ್ಲಿ ಯಾವುದು?" ಎಂದು ಕೇಳಿದಳು.

ಆಮೇಲೆ ಇದೇ ಪ್ರಶ್ನೆಯನ್ನು ಹಲವರು ಕೇಳಿದ್ದಾರೆ. ಗೋಡೆಗೆ ಮೊಳೆ ಹೊಡೆಯಬಾರದೆಂದು ಮಾಲೀಕರಿಂದ ಹೇಳಿಸಿಕೊಂಡ ಬಾಡಿಗೆಯವರು, ಕಡಲ ಬದಿಯ ಫ್ಲಾಟಿನಲ್ಲಿ ಹಾಕಿದ್ದೆಲ್ಲ ತುಕ್ಕು ಹಿಡಿಯಿತು ಎನ್ನುವವರು, ತಾರಸಿಯ ಕಬ್ಬಿಣದ ಬಾಗಿಲು ಗಾಳಿಗೆ ಕೀಲು ಸಮೇತ ಕಿತ್ತು ಬಂದವರು. ಎಲ್ಲರಿಗೂ ಒಂದೇ ಉತ್ತರ ಸಲ್ಲದು. ಸ್ಟಾಪರ್ ಎಂಬ ಒಂದೇ ಹೆಸರಿನಲ್ಲಿ ನಾವು ಮೂರು ಬೇರೆ ಬೇರೆ ಕೆಲಸ ಕೇಳುತ್ತಿರುತ್ತೇವೆ. ಕದ ಇಷ್ಟಕ್ಕಿಂತ ಹೆಚ್ಚು ತೆರೆಯಬಾರದು ಎಂದು ತಡೆಯುವುದು ಒಂದು. ತೆರೆದ ಕದ ಅಲ್ಲೇ ನಿಲ್ಲಲಿ ಎಂದು ಹಿಡಿದುಕೊಳ್ಳುವುದು ಇನ್ನೊಂದು. ಧಡಾರನೆ ಹೋಗದಂತೆ ಅದರ ವೇಗ ತಗ್ಗಿಸುವುದು ಮೂರನೆಯದು. ನೆಲಕ್ಕೆ ಹಾಕುವ ಅಗ್ಗದ ರಬ್ಬರ್ ಗುಬುಟು ಮೊದಲನೆಯದನ್ನು ಚೆನ್ನಾಗಿಯೇ ಮಾಡುತ್ತದೆ, ಉಳಿದೆರಡನ್ನು ಮಾಡುವುದಿಲ್ಲ. ಕದವನ್ನು ತಾನಾಗಿ ನಿಧಾನವಾಗಿ ಮುಚ್ಚುವ, ಸಾವಿರಾರು ರೂಪಾಯಿಯ ಹೈಡ್ರಾಲಿಕ್ ಕ್ಲೋಸರ್ ಮೂರನೆಯದನ್ನು ಮಾಡುತ್ತದೆ, ಮೊದಲನೆಯದನ್ನು ಅದರಿಂದ ನಿರೀಕ್ಷಿಸಬಾರದು. ದುಡ್ಡು ದಂಡವಾಯಿತು ಎಂದು ಬೈಯುವವರಲ್ಲಿ ಹೆಚ್ಚಿನವರು ಒಂದು ಕೆಲಸದ ಸಾಮಾನು ಕೊಂಡು ಇನ್ನೊಂದು ಕೆಲಸ ಕೇಳಿದವರು.

ಅಂಗಡಿಗೆ ಹೋಗುವ ಮೊದಲು

ಮೊದಲು ಕದವನ್ನು ಮೆಲ್ಲನೆ ಪೂರ್ತಿ ತೆರೆದು, ಯಾವ ಭಾಗ ಯಾವುದಕ್ಕೆ ತಗಲುತ್ತದೆ ಎಂದು ನೋಡಿ. ಬಹಳ ಸಲ ಕದ ಗೋಡೆಗೆ ತಗಲುವುದೇ ಇಲ್ಲ, ಹಿಡಿಕೆ ತಗಲುತ್ತದೆ. ಸಾಮಾನ್ಯ ಹಿಡಿಕೆ ಕದದ ಮೈಯಿಂದ ಐದಾರು ಸೆಂಟಿಮೀಟರ್ ಮುಂದೆ ಚಾಚಿರುತ್ತದೆ. ಅಂದರೆ ಗೋಡೆಯಿಂದ ಮೂರು ಸೆಂಟಿಮೀಟರ್ ಮಾತ್ರ ಮುಂದಿರುವ ಗಿಡ್ಡ ಸ್ಟಾಪರನ್ನು ಗೋಡೆಗೆ ಹಾಕಿದರೆ, ಕದ ಅದನ್ನು ಮುಟ್ಟುವ ಮೊದಲೇ ಹಿಡಿಕೆ ಗೋಡೆಯನ್ನು ಮುಟ್ಟಿರುತ್ತದೆ. ವಾರ್ಡ್‌ರೋಬ್ ಇದ್ದರೆ ಅದರ ಹಿಡಿಕೆಯ ಚಾಚನ್ನೂ ಸೇರಿಸಿ ಅಳೆಯಬೇಕು. ಹಿಡಿಕೆಗೂ ಎದುರಿನ ವಸ್ತುವಿಗೂ ನಡುವೆ ಎರಡು ಬೆರಳು ಜಾಗ ಉಳಿಯುವಲ್ಲಿ ಕದವನ್ನು ನಿಲ್ಲಿಸಿ, ಅದರ ಕೆಳ ಅಂಚಿನ ಗುಂಟ ನೆಲದ ಮೇಲೆ ಪೆನ್ಸಿಲ್ ಗೆರೆ ಎಳೆಯಿರಿ. ಮುಂದಿನ ಎಲ್ಲ ಲೆಕ್ಕಕ್ಕೂ ಆ ಗೆರೆಯೇ ಆಧಾರ.

ಆಮೇಲೆ ಕದವನ್ನು ತಳ್ಳುವುದು ಯಾರು ಎಂದು ಕೇಳಿಕೊಳ್ಳಿ. ಮನುಷ್ಯರ ಕೈಯೇ, ಗಾಳಿಯೇ? ಒಳಕೋಣೆಗಳಲ್ಲಿ ಕೈ. ಬಾಲ್ಕನಿ, ತಾರಸಿ, ಹಿತ್ತಿಲಿನ ಬಾಗಿಲುಗಳಲ್ಲಿ ಗಾಳಿ. ಗಂಟೆಗೆ 36 ಕಿಲೋಮೀಟರ್ ವೇಗದ ಗಾಳಿ, ಅಂದರೆ ಆಷಾಢದಲ್ಲಿ ಬಯಲುಸೀಮೆಯವರು ಗಾಳಿ ಎಂದು ಕರೆಯಲೂ ಹಿಂದೆಮುಂದೆ ನೋಡುವಂಥದ್ದು, ಮೂರು ಅಡಿ ಅಗಲ ಏಳು ಅಡಿ ಎತ್ತರದ ಕದವನ್ನು ಸುಮಾರು ಹನ್ನೆರಡು ಕಿಲೋ ಭಾರದಷ್ಟು ಬಲದಿಂದ ಒಂದೇ ಸಮನೆ ತಳ್ಳುತ್ತದೆ. ವೇಗ ಎರಡು ಪಟ್ಟಾದರೆ ಬಲ ನಾಲ್ಕು ಪಟ್ಟಾಗುತ್ತದೆ. ಇದು ನಿಂತ ಕದದ ಲೆಕ್ಕ. ಬೀಸಿಕೊಂಡು ಬಂದು ಬಡಿಯುವ ಕದದ ಹೊಡೆತ ಇದಕ್ಕಿಂತ ಎಷ್ಟೋ ಹೆಚ್ಚು.

ಮೂರನೆಯದು, ಸ್ಕ್ರೂ ಯಾವುದರಲ್ಲಿ ಕೂರಬೇಕು ಎಂಬುದು. ಗ್ರಾನೈಟ್, ವಿಟ್ರಿಫೈಡ್ ಟೈಲ್ಸ್, ಹಳೆಯ ರೆಡ್ ಆಕ್ಸೈಡ್ ನೆಲ, ಸಿಮೆಂಟ್ ಗೋಡೆ, ಜಿಪ್ಸಮ್ ಗೋಡೆ, ಘನ ಮರ, ಟೊಳ್ಳು ಪಿವಿಸಿ ಕದ, ಇವಕ್ಕೆಲ್ಲ ಒಂದೇ ಸ್ಕ್ರೂ ಒಗ್ಗುವುದಿಲ್ಲ. ನಾಲ್ಕನೆಯದಾಗಿ, ಆ ಜಾಗದಲ್ಲಿ ಯಾರ ಕಾಲು ಓಡಾಡುತ್ತದೆ ಎಂದು ನೋಡಬೇಕು.

ಇವೆಲ್ಲಕ್ಕಿಂತ ಹೆಚ್ಚಿನದು ಜಾಗ. ಬೆಲೆಗಿಂತ ಜಾಗ ಮುಖ್ಯ ಎಂದು ನಾನು ಎಲ್ಲರಿಗೂ ಹೇಳುತ್ತೇನೆ, ಯಾರೂ ಕೇಳುವುದಿಲ್ಲ, ಆದ್ದರಿಂದ ಲೆಕ್ಕವನ್ನೇ ಕೊಡುತ್ತೇನೆ. ತೊಂಬತ್ತು ಸೆಂಟಿಮೀಟರ್ ಅಗಲದ ಕದದಲ್ಲಿ ಹಿಡಿಕೆ ಕೀಲಿನಿಂದ 84 ಸೆಂಟಿಮೀಟರ್ ದೂರದಲ್ಲಿದೆ ಎಂದಿಟ್ಟುಕೊಳ್ಳಿ. ಒಬ್ಬ ಹುಡುಗ ಹಿಡಿಕೆಗೆ ಒರಗಿ ಐದು ಕಿಲೋ ಬಲ ಹಾಕುತ್ತಾನೆ. ತಡೆ ಕೀಲಿನಿಂದ 60 ಸೆಂಟಿಮೀಟರ್ ದೂರದಲ್ಲಿದ್ದರೆ ಅದರ ಮೇಲೆ ಬೀಳುವುದು ಏಳು ಕಿಲೋ. ಅದೇ ತಡೆ ಕೀಲಿನಿಂದ ನಾಲ್ಕು ಸೆಂಟಿಮೀಟರ್ ದೂರದಲ್ಲಿದ್ದರೆ ಬೀಳುವುದು ನೂರೈದು ಕಿಲೋ. ಸನ್ನೆಕೋಲಿನಿಂದ ಬಂಡೆ ಎತ್ತುವ ಲೆಕ್ಕವೇ ಇದು. ವ್ಯತ್ಯಾಸವೆಂದರೆ ಇಲ್ಲಿ ಏಳುವುದು ಬಂಡೆಯಲ್ಲ, ನಿಮ್ಮ ಕೀಲಿನ ಸ್ಕ್ರೂ.

ಹಾಗಾದರೆ ಎಷ್ಟು ದೂರ ಸರಿ? ಕದದ ಅಗಲದ ಮೂರನೇ ಎರಡು ಭಾಗ. ಈ ಅಳತೆಯ ಹಿಂದೆ ಭೌತಶಾಸ್ತ್ರವಿದೆ. ಒಂದೇ ಸಮನಾದ ಹಲಗೆ ಒಂದು ತುದಿಯ ಮೇಲೆ ತಿರುಗುತ್ತಾ ಬಂದು, ಆ ತುದಿಯಿಂದ ಮೂರನೇ ಎರಡು ಭಾಗದಷ್ಟು ದೂರದಲ್ಲಿ ತಡೆಗೆ ಬಡಿದರೆ, ಹೊಡೆತದ ಧಕ್ಕೆ ತಿರುಗುವ ತುದಿಗೆ ಹೋಗುವುದಿಲ್ಲ. ಬ್ಯಾಟಿನ ಸರಿಯಾದ ಜಾಗಕ್ಕೆ ಚೆಂಡು ತಗುಲಿದಾಗ ಕೈ ಜುಮ್ಮೆನ್ನದಿರುವುದು ನೆನಪಿಗೆ ಬಂದರೆ ಸಾಕು. ಮೂರು ಅಡಿಯ ಕದಕ್ಕೆ ಕೀಲಿನಿಂದ ಎರಡು ಅಡಿ. ತುಸು ಆಚೆಯಾದರೂ ನಷ್ಟವಿಲ್ಲ. ಈಚೆಗೆ ಬರಬಾರದು.

ನೆಲದ ಗುಬುಟು

ಅಂಗಡಿಯ ಏಳು ಬಗೆಗಳಲ್ಲಿ ನಾನು ಮೊದಲು ನೋಡುವುದು ನೆಲಕ್ಕೆ ಸ್ಕ್ರೂ ಮಾಡುವ ಅರ್ಧಗೋಳದ ಸ್ಟಾಪರನ್ನು. ಸ್ಟೀಲ್ ಅಥವಾ ಹಿತ್ತಾಳೆಯ ಮೈ, ಒಂದು ಪಕ್ಕಕ್ಕೆ ರಬ್ಬರ್ ಪಟ್ಟಿ. ಬೆಲೆ ಸುಮಾರು ಐವತ್ತರಿಂದ ಇನ್ನೂರು ರೂಪಾಯಿ. ಚಲಿಸುವ ಭಾಗವಿಲ್ಲ, ಆದ್ದರಿಂದ ಕೆಡುವುದೂ ಇಲ್ಲ. ರಬ್ಬರ್ ಗಡುಸಾದರೆ ಅದನ್ನಷ್ಟೇ ಬದಲಾಯಿಸಬಹುದು. ಕದಕ್ಕೆ ಏನನ್ನೂ ಸ್ಕ್ರೂ ಮಾಡಬೇಕಿಲ್ಲ ಎಂಬುದು ಇದರ ದೊಡ್ಡ ಗುಣ. ಸ್ನಾನದ ಮನೆಗೆ ಹಾಕುವ ಟೊಳ್ಳು ಪಿವಿಸಿ ಕದಗಳಲ್ಲಿ ಸ್ಕ್ರೂ ನಿಲ್ಲುವುದಿಲ್ಲ, ಎರಡು ತಿಂಗಳಿಗೆ ತೂತು ಅಗಲವಾಗಿ ಬಿದ್ದುಹೋಗುತ್ತದೆ. ಅಂಥ ಕದಗಳಿಗೆ ಹೊರಗಿನಿಂದ ತಡೆಯುವ ಸಾಮಾನೇ ಸರಿ.

ಕೊಳ್ಳುವಾಗ ಎತ್ತರ ನೋಡಿ. ಕದದ ಕೆಳಗಿನ ಸಂದು ಎರಡು ಸೆಂಟಿಮೀಟರ್ ಇದ್ದು, ಗುಬುಟಿನ ರಬ್ಬರ್ ಇರುವ ಎತ್ತರವೂ ಅಷ್ಟೇ ಆದರೆ ಕದ ಅದರ ಮೇಲೆಯೇ ಜಾರಿ ಹೋಗುತ್ತದೆ. ರಬ್ಬರಿನ ನಡುಭಾಗ ಕದದ ಕೆಳ ಅಂಚಿಗಿಂತ ಒಂದು ಸೆಂಟಿಮೀಟರಾದರೂ ಮೇಲಿರಬೇಕು.

ಇದರ ಎರಡು ದೋಷಗಳು ಚಿಕ್ಕವಲ್ಲ. ಒಂದು ಎಡವುವುದು. ಕದ ಗೋಡೆಗೆ ಸಮಾಂತರವಾಗಿ ಒರಗುವ ಕೋಣೆಯಲ್ಲಿ ಗುಬುಟು ಗೋಡೆಯ ಹತ್ತಿರ, ಕದದ ಹಿಂದೆ ಉಳಿಯುತ್ತದೆ. ಅಲ್ಲಿ ಯಾರೂ ನಡೆಯುವುದಿಲ್ಲ. ಪಕ್ಕದಲ್ಲಿ ಗೋಡೆಯೇ ಇಲ್ಲದೆ ತೊಂಬತ್ತು ಡಿಗ್ರಿಗೆ ಕದ ನಿಲ್ಲಬೇಕಾದ ಕಡೆ ಮಾತ್ರ ಅದು ನಡುಮನೆಯಲ್ಲಿ ಎದ್ದು ನಿಂತ ಕಲ್ಲಿನಂತಾಗುತ್ತದೆ. ಬರಿಗಾಲಲ್ಲಿ ಓಡಾಡುವ ನಮ್ಮ ಮನೆಗಳಲ್ಲಿ, ರಾತ್ರಿ ದೀಪ ಹಾಕದೆ ನೀರು ಕುಡಿಯಲು ಏಳುವ ಹಿರಿಯರಿರುವಲ್ಲಿ, ಇದನ್ನು ನಾನು ಒಪ್ಪುವುದಿಲ್ಲ. ಇನ್ನೊಂದು ದೋಷ ನೆಲ ಕೊರೆಯುವುದು. ಟೈಲ್ಸಿನ ಮೇಲೆ ಬೆರಳ ಗೆಣ್ಣಿನಿಂದ ತಟ್ಟಿ ನೋಡಿ. ಟೊಳ್ಳು ಸದ್ದು ಬಂದರೆ ಅದರಡಿ ಗಾರೆ ತುಂಬಿಲ್ಲ, ಡ್ರಿಲ್ ಇಟ್ಟರೆ ಬಿರುಕು ಖಂಡಿತ. ಗಟ್ಟಿ ಸದ್ದಿದ್ದರೆ ಗುರುತಿನ ಮೇಲೆ ಅಂಟುಪಟ್ಟಿ ಹಚ್ಚಿ, ಡ್ರಿಲ್ಲಿನ ಹ್ಯಾಮರ್ (ಕುಟ್ಟುತ್ತಾ ಕೊರೆಯುವ ಬಗೆ) ಆಫ್ ಮಾಡಿ, ಟೈಲ್ಸಿನ ಬಿಟ್‌ನಿಂದ ಆಗಾಗ ನೀರು ಬಿಡುತ್ತಾ ನಿಧಾನವಾಗಿ ಕೊರೆಸಿ. ಟೈಲ್ಸ್ ದಾಟಿ ಕಾಂಕ್ರೀಟ್ ಸಿಕ್ಕ ಮೇಲೆ ಹ್ಯಾಮರ್ ಹಾಕಬಹುದು. ಹ್ಯಾಮರ್ ಹಾಕಿಯೇ ಶುರು ಮಾಡುವ ಕೆಲಸಗಾರ ಬಂದರೆ ಕಾಫಿ ಕೊಟ್ಟು ಕೂರಿಸಿ, ಮೊದಲು ಮಾತನಾಡಿ.

ಎರಡು ಕಡೆ ಮಾತ್ರ ನೆಲ ಕೊರೆಯಲೇಬಾರದು. ಸ್ನಾನದ ಮನೆಯ ಒಳಗೆ ಮತ್ತು ತಾರಸಿಯ ಮೇಲೆ. ಎರಡೂ ಕಡೆ ನೆಲದಡಿ ನೀರು ತಡೆಯುವ ಪದರವಿರುತ್ತದೆ. ಐವತ್ತು ರೂಪಾಯಿಯ ಸ್ಟಾಪರಿಗಾಗಿ ಅದನ್ನು ತೂತು ಮಾಡಿ, ಕೆಳಮನೆಯವರ ಸೂರಿನಲ್ಲಿ ನೀರು ಜಿನುಗಿಸಿಕೊಳ್ಳುವುದು ಯಾರಿಗೆ ಬೇಕು? ರೆಡ್ ಆಕ್ಸೈಡ್ ನೆಲದ ಹಳೆಯ ಮನೆಯವರೂ ಕೊರೆಯದಿರುವುದೇ ಒಳ್ಳೆಯದು. ಆ ನೆಲ ಚಕ್ಕೆ ಎದ್ದರೆ ಅದೇ ಬಣ್ಣ, ಅದೇ ಹೊಳಪು ಮತ್ತೆ ತರುವವರು ಈಗ ಸುಲಭಕ್ಕೆ ಸಿಗುವುದಿಲ್ಲ.

ಗೋಡೆಗೆ ಹಾಕುವವು

ಗೋಡೆಯ ಸ್ಟಾಪರಿನಲ್ಲಿ ಎರಡು ಜಾತಿ. ಹಿಡಿಕೆ ತಗಲುವ ಜಾಗಕ್ಕೇ ಅಂಟಿಸುವ ಮೆತ್ತನೆಯ ರಬ್ಬರ್ ಬಿಲ್ಲೆ ಒಂದು. ಕೆಳಗೆ ಸ್ಕರ್ಟಿಂಗಿನ, ಅಂದರೆ ಗೋಡೆಯ ಬುಡದ ಪಟ್ಟಿಯ, ಮೇಲ್ಭಾಗದಲ್ಲಿ ಸ್ಕ್ರೂ ಮಾಡುವ ಏಳೆಂಟು ಸೆಂಟಿಮೀಟರ್ ಉದ್ದದ ಗೂಟ ಇನ್ನೊಂದು. ಬಿಲ್ಲೆಯ ಬೆಲೆ ಮೂವತ್ತರಿಂದ ನೂರು ರೂಪಾಯಿ, ಡ್ರಿಲ್ ಬೇಕಿಲ್ಲ, ಬಾಡಿಗೆ ಮನೆಗೆ ಹೇಳಿ ಮಾಡಿಸಿದಂಥದ್ದು. ಆದರೆ ಅದು ಗೋಡೆಯ ಗಾರೆಯನ್ನು ಕಾಪಾಡುತ್ತದೆಯೇ ಹೊರತು ಹಿಡಿಕೆಯನ್ನಲ್ಲ. ಪ್ರತಿ ಹೊಡೆತವೂ ಹಿಡಿಕೆಯ ಮೂಲಕವೇ ಹೋಗುವುದರಿಂದ ಬೀಗದ ಒಳಗಿನ ಸ್ಕ್ರೂಗಳು ಕಾಲಕ್ರಮದಲ್ಲಿ ಸಡಿಲವಾಗುತ್ತವೆ. ಡಿಸ್ಟೆಂಪರ್ ಬಳಿದ ಗೋಡೆಗೆ ಅಂಟಿಸಿದರೆ ಕೆಲವೇ ದಿನಗಳಲ್ಲಿ ಬಿಲ್ಲೆ ಬಣ್ಣದ ಚಕ್ಕೆಯ ಸಮೇತ ಉದುರುತ್ತದೆ. ಎಮಲ್ಷನ್ ಗೋಡೆಯಾದರೆ ಸ್ಪಿರಿಟ್‌ನಲ್ಲಿ ಒರೆಸಿ, ಒಣಗಿಸಿ ಅಂಟಿಸಿ, ಒಂದು ದಿನ ಕದ ಮುಟ್ಟಿಸದೆ ಬಿಡಿ.

ಗೂಟದ ಬಗೆ ಕದದ ಮೈಯನ್ನೇ ನೇರವಾಗಿ ತಡೆಯುತ್ತದೆ. ನೆಲ ಒರೆಸುವವರ ಬಟ್ಟೆಗೆ ಸಿಕ್ಕಿಕೊಳ್ಳುವುದಿಲ್ಲ, ಕಾಲಿಗೂ ಸಿಗುವುದಿಲ್ಲ. ಗೋಡೆ ಸಿಮೆಂಟಿನದಾಗಿದ್ದರೆ ಪ್ಲಾಸ್ಟಿಕ್ ಪ್ಲಗ್ ಹಾಕಿ ಧಾರಾಳವಾಗಿ ಬಳಸಿ. ಜಿಪ್ಸಮ್ ಹಲಗೆಯ ಗೋಡೆಯಾದರೆ ಬೇಡ, ಗೂಟ ಗೋಡೆಯನ್ನೇ ಒಳಗೆ ದೂಡುತ್ತದೆ. ಒಂದು ಎಚ್ಚರ: ಸ್ವಿಚ್‌ಬೋರ್ಡಿನ ನೇರ ಮೇಲೆ ಅಥವಾ ನೇರ ಕೆಳಗೆ ಕೊರೆಯಬೇಡಿ. ವೈರಿನ ಪೈಪು ಹೆಚ್ಚಾಗಿ ಆ ಗೆರೆಯಲ್ಲೇ ಇಳಿದಿರುತ್ತದೆ.

ನೆಲವೋ ಗೋಡೆಯೋ ಎಂದು ಡೋಲಾಯಮಾನವಾಗಿದ್ದರೆ, ಕದದ ಹಿಂದೆ ಗಟ್ಟಿ ಗೋಡೆ ಒಂದು ಗೇಣಿನ ಒಳಗೆ ಇದ್ದಾಗ ಗೋಡೆ. ವಾರ್ಡ್‌ರೋಬ್, ಕನ್ನಡಿ, ಗಾಜಿನ ಕಪಾಟು ಇದ್ದಾಗ ನೆಲ.

ಆಯಸ್ಕಾಂತ

ಈಗಿನ ಹೊಸ ಮನೆಗಳ ಅಚ್ಚುಮೆಚ್ಚು ಇದು. ನೆಲಕ್ಕೋ ಗೋಡೆಗೋ ಆಯಸ್ಕಾಂತವಿರುವ ಮೈ, ಕದಕ್ಕೆ ಕಬ್ಬಿಣದ ಬಿಲ್ಲೆ. ಇನ್ನೂರರಿಂದ ಆರುನೂರು ರೂಪಾಯಿ. ತಡೆಯುವ, ಹಿಡಿಯುವ ಎರಡು ಕೆಲಸವೂ ಒಂದರಲ್ಲೇ ಆಗುತ್ತದೆ. ಕಿಟಕಿ ತೆರೆದಾಗ ಎದುರುಗಾಳಿಗೆ ಬಾಗಿಲು ತಾನಾಗಿ ಧಡ್ಡೆಂದು ಮುಚ್ಚಿಕೊಳ್ಳುವ ಮನೆಗೆ ಬರಿಯ ಗುಬುಟು ಪ್ರಯೋಜನಕ್ಕೆ ಬಾರದು. ಅಲ್ಲಿ ಬೇಕಿರುವುದು ಹಿಡಿತ. ಅಂಥ ಕೋಣೆಗೆ ನಾನೂ ಆಯಸ್ಕಾಂತವನ್ನೇ ಹೇಳುತ್ತೇನೆ.

ಅದರ ಜೊತೆ ಬರುವ ತಾಪತ್ರಯವನ್ನೂ ಹೇಳಬೇಕು. ಎರಡು ತುಂಡುಗಳು ಎದುರುಬದುರು ಸರಿಯಾಗಿ ಕೂಡಬೇಕು. ಮಳೆಗಾಲದಲ್ಲಿ ಮರ ಉಬ್ಬುತ್ತದೆ, ವರ್ಷಗಳು ಕಳೆದಂತೆ ಭಾರದ ಕದ ಕೀಲಿನಿಂದ ತುಸು ಜೋಲುತ್ತದೆ. ಎರಡು ಮೂರು ಮಿಲಿಮೀಟರ್ ತಪ್ಪಿದರೂ ಹಿಡಿತ ಅರ್ಧಕ್ಕಿಳಿಯುತ್ತದೆ. ಆದ್ದರಿಂದ ಬಿಲ್ಲೆ ಸ್ವಲ್ಪ ಅಲುಗಾಡುವಂತೆ ಸ್ಪ್ರಿಂಗ್ ಅಥವಾ ರಬ್ಬರಿನ ಮೇಲೆ ಕೂತಿರುವ ಮಾದರಿಯನ್ನೇ ಆರಿಸಿ. ನೆಲದಲ್ಲಿರುವ ಆಯಸ್ಕಾಂತ ಕೂದಲು, ಧೂಳು, ಕಬ್ಬಿಣದ ಚೂರುಗಳನ್ನೆಲ್ಲ ಕೂಡಿಸಿಕೊಳ್ಳುತ್ತದೆ. ಒರೆಸುವ ನೀರು ದಿನವೂ ತಗಲಿ ಬಿಲ್ಲೆ ತುಕ್ಕು ಹಿಡಿಯುತ್ತದೆ. ಗೋಡೆಗೆ ಹಾಕುವ ಆಯಸ್ಕಾಂತದಲ್ಲಿ ಈ ಕಾಟ ಕಡಿಮೆ. ಹತ್ತಿಪ್ಪತ್ತು ರೂಪಾಯಿ ಹೆಚ್ಚಾದರೂ ಅದನ್ನೇ ಕೊಳ್ಳಿ.

ಮಂಗಳೂರು, ಉಡುಪಿ, ಕಾರವಾರದ ಕಡಲ ಗಾಳಿಯಲ್ಲಿ ಆಯಸ್ಕಾಂತದ ಆಯುಸ್ಸು ಮೊದಲೇ ಕಡಿಮೆ. ಜೋರು ಆಯಸ್ಕಾಂತಗಳಲ್ಲಿ ಬಳಸುವ ನಿಯೋಡಿಮಿಯಮ್ ಮಿಶ್ರಲೋಹ ಬೇಗ ತುಕ್ಕು ಹಿಡಿಯುವಂಥದ್ದು, ಮೇಲಿನ ಲೇಪ ಉಳಿದಷ್ಟು ದಿನ ಅದು ಉಳಿಯುತ್ತದೆ. ಕರಾವಳಿಯವರು 304 ದರ್ಜೆಯ ಸ್ಟೇನ್‌ಲೆಸ್ ಸ್ಟೀಲ್ ಕೇಳಿ ಪಡೆಯಬೇಕು, ಸಮುದ್ರ ತೀರಾ ಹತ್ತಿರವಿದ್ದರೆ 316. ಡಬ್ಬಿಯ ಜೊತೆ ಬರುವ ಸ್ಕ್ರೂಗಳನ್ನು ಅಲ್ಲೇ ಬಿಟ್ಟು ಸ್ಟೇನ್‌ಲೆಸ್ ಸ್ಕ್ರೂ ಬೇರೆ ಕೊಳ್ಳಿ. ಇಲ್ಲದಿದ್ದರೆ ಸ್ಟಾಪರ್ ಹೊಳೆಯುತ್ತಿರುತ್ತದೆ, ಅದರ ಸ್ಕ್ರೂ ಕಂದು ಬಣ್ಣದ ಕಣ್ಣೀರು ಸುರಿಸುತ್ತಿರುತ್ತದೆ.

ಗಾಳಿಯ ಬಾಗಿಲಿಗೆ ಕೊಕ್ಕೆ, ಸರಪಳಿ

ತಾರಸಿಯ ಬಾಗಿಲಿನ ಬಗ್ಗೆ ಸ್ವಲ್ಪ ಹೆಚ್ಚು ಹೇಳಲು ಕಾರಣವಿದೆ. ಬಾಗಿಲಿನಿಂದ ಮನೆಗೆ ಆಗುವ ಹಾನಿಗಳಲ್ಲಿ ನಾನು ಹೆಚ್ಚು ನೋಡಿರುವುದು ಅಲ್ಲೇ. ಸಾಮಾನ್ಯವಾಗಿ ಅದು ಹೊರಕ್ಕೆ ತೆರೆಯುವ ಕಬ್ಬಿಣದ ತಗಡಿನ ಕದ. ಬಟ್ಟೆ ಒಣಹಾಕಲು ಬಕೆಟ್ ಹಿಡಿದು ಮೇಲೆ ಹೋದವರು ಅಗುಳಿ ತೆಗೆದ ಕ್ಷಣ ಗಾಳಿ ಅದನ್ನು ಕೈಯಿಂದ ಕಸಿದುಕೊಳ್ಳುತ್ತದೆ. ಅಲ್ಲಿ ಆಯಸ್ಕಾಂತವನ್ನು ನೆಚ್ಚಿದರೆ ಮೊದಲ ಬೀಸಿಗೇ ಬಿಟ್ಟುಕೊಡುತ್ತದೆ. ನೆಲ ಕೊರೆಯುವಂತಿಲ್ಲ ಎಂದು ಆಗಲೇ ಹೇಳಿದೆ.

ಇಲ್ಲಿ ಗೆಲ್ಲುವುದು ನಮ್ಮ ಅಜ್ಜಂದಿರ ಕಾಲದ ಕೊಕ್ಕೆ ಮತ್ತು ಬಳೆ. ಬೆಲೆ ಮೂವತ್ತರಿಂದ ನೂರು ರೂಪಾಯಿ. ಕದವನ್ನು ಪೂರ್ತಿ ಹಿಂದಕ್ಕೆ ಮಡಿಸಿ, ಮೆಟ್ಟಿಲ ಕೋಣೆಯ ಹೊರಗೋಡೆಗೆ ಒರಗಿಸಿ ಕೊಕ್ಕೆ ಹಾಕಿದರೆ ಗಾಳಿ ತನ್ನ ಪಾಡಿಗೆ ಬೀಸಿಕೊಂಡು ಹೋಗುತ್ತದೆ. ಕದ ಅಲುಗಿ ಗೋಡೆಗೆ ಬಡಿಯದಂತೆ ನಡುವೆ ಹಳೆಯ ಟೈರಿನ ಒಂದು ತುಂಡನ್ನು ಗೋಡೆಗೆ ಸ್ಕ್ರೂ ಮಾಡಿ. ಕೊಕ್ಕೆಯ ಎತ್ತರ ಎದೆಮಟ್ಟದಲ್ಲಿರಲಿ. ಕೆಳಗಿದ್ದರೆ ಕದದ ಮೇಲ್ಭಾಗ ತಿರುಚಿಕೊಳ್ಳುತ್ತದೆ, ಬಕೆಟ್ ಹಿಡಿದವರು ಬಗ್ಗಲೂ ಬೇಕಾಗುತ್ತದೆ.

ಕೊಕ್ಕೆಯ ಕೊರತೆ ಒಂದೇ. ಅದನ್ನು ಹಾಕುವ ತನಕ ಕದ ಗಾಳಿಯ ಕೈಯಲ್ಲಿರುತ್ತದೆ. ಆ ಅರ್ಧ ನಿಮಿಷಕ್ಕೆ ಸರಪಳಿ ಬೇಕು. ಒಂದು ತುದಿ ಚೌಕಟ್ಟಿನ ಮೇಲ್ಭಾಗಕ್ಕೆ, ಇನ್ನೊಂದು ಕದಕ್ಕೆ, ಸಾಧ್ಯವಾದರೆ ನಡುವೆ ಒಂದು ಬಿಗಿ ಸ್ಪ್ರಿಂಗ್. ಬೀಸಿ ಹೊರಟ ಕದ ಸರಪಳಿಯ ಉದ್ದಕ್ಕೆ ನಿಲ್ಲುತ್ತದೆ. ಸ್ಪ್ರಿಂಗ್ ಇಲ್ಲದ ಸರಪಳಿ ಫಕ್ಕನೆ ಬಿಗಿದುಕೊಂಡು ತನ್ನ ಕೊಂಡಿಯನ್ನೇ ಕಿತ್ತುಕೊಳ್ಳುವುದುಂಟು. ಕಬ್ಬಿಣದ ಚೌಕಟ್ಟಾದರೆ ಕೊಂಡಿಗಳನ್ನು ಸ್ಕ್ರೂ ಮಾಡುವ ಬದಲು ವೆಲ್ಡಿಂಗ್ ಮಾಡಿಸಿ. ಸರಪಳಿ ಬೇಕಾದರೆ ಕಳಚಿ ಕದವನ್ನು ಪೂರ್ತಿ ಮಡಿಸುವಂತಿರಬೇಕು. ಮುಂಬಾಗಿಲಿಗೆ ಹಾಕುವ, ಬಂದವರ ಮುಖ ನೋಡಲಿಕ್ಕಿರುವ ಸೇಫ್ಟಿ ಚೈನನ್ನು ಇದಕ್ಕೆ ಬಳಸಬೇಡಿ, ಅದು ಈ ಹೊಡೆತಕ್ಕಾಗಿ ಮಾಡಿದ್ದಲ್ಲ.

ಬಾಲ್ಕನಿಯ ಅಲ್ಯೂಮಿನಿಯಂ ಅಥವಾ ಯುಪಿವಿಸಿ ಕದಗಳಿಗೆ ಚೌಕಟ್ಟಿನ ಮೇಲ್ಗಡೆ ಕೂರುವ ತಡೆತೋಳು ಬರುತ್ತದೆ. ಕದ ಇಂತಿಷ್ಟು ಕೋನಕ್ಕೆ ಬಂದಾಗ ತೋಳು ಪೂರ್ತಿ ಚಾಚಿ ನಿಲ್ಲಿಸುತ್ತದೆ. ನೆಲ, ಗೋಡೆ ಎರಡೂ ಸಿಗದ ಕಡೆ, ಅಂದರೆ ಆಗ ಹೇಳಿದ ನಡುಮನೆಯಲ್ಲಿ ನಿಲ್ಲುವ ಕದಕ್ಕೂ, ಇದು ಒಳ್ಳೆಯ ಉತ್ತರ. ಬೆಲೆ ಹೆಚ್ಚು. ಕೀಲಿಗೆ ಹತ್ತಿರವಿರುವುದರಿಂದ ಬಲದ ಹೊರೆಯೂ ಹೆಚ್ಚು. ಆದ್ದರಿಂದ ಕದದ ತೂಕ ಹೇಳಿ ಅದಕ್ಕೆ ತಕ್ಕದ್ದನ್ನೇ ಕೇಳಬೇಕು, ಕೂರಿಸುವುದನ್ನು ಕದ ಮಾಡಿಕೊಟ್ಟವರಿಗೇ ಬಿಡಬೇಕು.

ಕೀಲಿಗೆ ತೊಡಿಸುವ ಸ್ಟಾಪರ್

ಹಿಂಜಸ್‌ನ ಪಿನ್ ಎತ್ತಿ, ಅದರ ನಡುವೆ ಕೂರಿಸುವ ಪುಟ್ಟ ಸಾಧನ ಆನ್‌ಲೈನಿನಲ್ಲಿ ಕಣ್ಣಿಗೆ ಬೀಳುತ್ತದೆ. ಡ್ರಿಲ್ ಬೇಡ, ಐದು ನಿಮಿಷದ ಕೆಲಸ, ತಿರುಪು ತಿರುಗಿಸಿ ಕೋನ ಬದಲಾಯಿಸಬಹುದು. ಕೇಳಲು ಸೊಗಸು. ಇದು ಹುಟ್ಟಿದ್ದು ಅಮೆರಿಕದಂಥ ಕಡೆಯ ಹಗುರ ಟೊಳ್ಳು ಕದಗಳಿಗೆ. ನಮ್ಮ ಮೂವತ್ತು ಕಿಲೋ ಆಸುಪಾಸಿನ, ಪ್ಲೈವುಡ್ ಹೊದಿಸಿದ ಫ್ಲಶ್ ಡೋರ್‌ಗೆ ಹಾಕಿದರೆ ಮೇಲೆ ಹೇಳಿದ ನೂರೈದು ಕಿಲೋ ಲೆಕ್ಕ ದಿನವೂ ನಡೆಯುತ್ತದೆ. ಕದದ ಮೈಯಲ್ಲಿ ಗುಳಿ ಬೀಳುತ್ತದೆ, ಇಲ್ಲವೇ ಚೌಕಟ್ಟಿನಿಂದ ಸ್ಕ್ರೂ ಏಳುತ್ತದೆ. ಅಲ್ಲದೆ ನಮ್ಮಲ್ಲಿ ಮಾರುವ ಬಹುಪಾಲು ಕೀಲುಗಳ ಪಿನ್ ಮೇಲಕ್ಕೆ ಎದ್ದು ಬರುವುದೇ ಇಲ್ಲ. ತೇಗದ ಮುಂಬಾಗಿಲಿಗಂತೂ ಇದರ ಯೋಚನೆಯೇ ಬೇಡ, ಅಂಥ ಕದ ಐವತ್ತು ಕಿಲೋ ದಾಟುವುದುಂಟು. ಹಗುರವಾದ ಕಪಾಟಿನ ಬಾಗಿಲಿಗಾದರೆ ಸರಿ.

ಹೈಡ್ರಾಲಿಕ್ ಕ್ಲೋಸರ್

ಕಚೇರಿಗಳಲ್ಲಿ ಕದದ ತಲೆಯ ಮೇಲೆ ಕೂತಿರುವ, ತೋಳು ಮಡಚಿಕೊಂಡ ಡಬ್ಬಿ. ಮನೆಗೂ ಈಗ ಹಾಕಿಸುತ್ತಾರೆ. ಸಾವಿರದಿಂದ ಮೂರು ಸಾವಿರ ರೂಪಾಯಿ. ಇದರ ಮುಖ್ಯ ಕಸುಬು ಕದವನ್ನು ನಿಧಾನವಾಗಿ ಮುಚ್ಚುವುದು. ತೆರೆಯುವಾಗಲೂ ಕೊನೆಯ ಹಂತದಲ್ಲಿ ಎಣ್ಣೆಯ ಒತ್ತಡದಿಂದ ವೇಗ ತಗ್ಗಿಸುವ ಬ್ಯಾಕ್‌ಚೆಕ್ ಎಂಬ ಸೌಲಭ್ಯ ಕೆಲವು ಮಾದರಿಗಳಲ್ಲಿದೆ. ಅದು ತಗ್ಗಿಸುತ್ತದೆ, ನಿಲ್ಲಿಸುವುದಿಲ್ಲ. ಬೇರೆ ತಡೆಯಿಲ್ಲದೆ ಅದನ್ನೇ ನಂಬಿದರೆ ತೋಳು ಬಾಗುತ್ತದೆ ಅಥವಾ ಎಣ್ಣೆ ಸೋರುತ್ತದೆ. ಕ್ಲೋಸರ್ ಹಾಕಿಸಿದವರು ಗುಬುಟನ್ನೂ ಹಾಕಿಸಲೇಬೇಕು.

ಕ್ಲೋಸರಿನ ಮೇಲೆ 2, 3, 4 ಎಂಬ ಅಂಕಿಗಳಿರುತ್ತವೆ. ಯುರೋಪಿನ ಇಎನ್ 1154 ಮಾನಕದ ಪ್ರಕಾರ 2 ಎಂದರೆ 85 ಸೆಂಟಿಮೀಟರ್ ಅಗಲ ಮತ್ತು 40 ಕಿಲೋ ತನಕದ ಕದ. 3 ಎಂದರೆ 95 ಸೆಂಟಿಮೀಟರ್, 60 ಕಿಲೋ. ದೊಡ್ಡದು ಒಳ್ಳೆಯದೆಂದು 4 ಕೊಂಡರೆ ಮನೆಯ ಮಕ್ಕಳಿಗೂ ಅಜ್ಜಿಗೂ ಬಾಗಿಲು ತಳ್ಳಲಾಗುವುದಿಲ್ಲ. ಅಪಾರ್ಟ್‌ಮೆಂಟಿನ ಮೆಟ್ಟಿಲ ಬಳಿ ಇರುವ ಅಗ್ನಿ ತಡೆಯುವ ಬಾಗಿಲಿಗೆ ಮಾತ್ರ ಕ್ಲೋಸರ್ ಇರಲೇಬೇಕು, ಅದನ್ನು ಕೊಕ್ಕೆ, ಬೆಣೆ, ಆಯಸ್ಕಾಂತ ಯಾವುದರಿಂದಲೂ ತೆರೆದಿಡಬಾರದು. ಹೊಗೆ ಮೆಟ್ಟಿಲಿಗೆ ಬರದಂತೆ ತಡೆಯುವುದೇ ಆ ಬಾಗಿಲ ಕೆಲಸ. ಗಾಳಿಯಾಡಲಿ ಎಂದು ಅದಕ್ಕೆ ಇಟ್ಟಿಗೆ ಅಡ್ಡವಿಟ್ಟ ಕಟ್ಟಡಗಳು ಎಷ್ಟೋ.

ಇನ್ನುಳಿದ ಸಣ್ಣಪುಟ್ಟವು ಬೇಗ ಮುಗಿಯುತ್ತವೆ. ಕಾಲಿನಿಂದ ಒತ್ತಿ ಇಳಿಸುವ, ಕದದ ಕೆಳಗೆ ಕೂರುವ ಸ್ಟಾಪರ್ ಎಲ್ಲೆಂದರಲ್ಲಿ ಹಿಡಿಯುತ್ತದೆ, ಆದರೆ ತಡೆಯುವುದಿಲ್ಲ. ನುಣುಪು ಟೈಲ್ಸ್ ಒದ್ದೆಯಾದರೆ ಜಾರುತ್ತದೆ. ರಬ್ಬರ್ ಬೆಣೆ ಬಾಡಿಗೆ ಮನೆಯ ಮಿತ್ರ, ಎಲ್ಲಿಟ್ಟೆವೆಂದು ದಿನವೂ ಹುಡುಕಬೇಕು ಅಷ್ಟೇ. ನಮ್ಮ ಅಜ್ಜಿ ಒರಳಿನ ಹಳೆಯ ಗುಂಡುಕಲ್ಲನ್ನು ಕದದ ಹಿಂದೆ ಇಡುತ್ತಿದ್ದರು. ಅದು ತಡೆಯುತ್ತಿತ್ತು, ಹಿಡಿಯುತ್ತಿತ್ತು, ಕಳೆದುಹೋಗುತ್ತಿರಲಿಲ್ಲ. ಬೆರಳಿಗೆ ಪೆಟ್ಟಾದವರ ಲೆಕ್ಕ ಬೇರೆ.

ಯಾರ ಮನೆಗೆ ಯಾವುದು

ಅಂಬೆಗಾಲಿಡುವ ಮಗು ಇರುವ ಮನೆಯಲ್ಲಿ ಸ್ಪ್ರಿಂಗಿನ ತುದಿಗೆ ಪುಟ್ಟ ರಬ್ಬರ್ ಟೊಪ್ಪಿ ಇರುವ ಗೋಡೆ ಸ್ಟಾಪರ್ ಬೇಡವೇ ಬೇಡ. ಟೊಪ್ಪಿ ಕೈಗೆ ಕಿತ್ತು ಬರುತ್ತದೆ, ಅಲ್ಲಿಂದ ಬಾಯಿಗೆ, ಗಂಟಲಿಗೆ. ಒಂದೇ ತುಂಡಿನ ಸ್ಟಾಪರ್ ಕೊಳ್ಳಿ. ಕದ ಮುಚ್ಚುವಾಗ ಬೆರಳು ಸಿಗದಂತೆ ಅದರ ಅಂಚಿಗೆ ಸಿಕ್ಕಿಸುವ ಸ್ಪಂಜಿನ ತುಂಡನ್ನು ಮಗುವಿನ ಕೈಗೆ ಎಟುಕದ ಎತ್ತರದಲ್ಲಿ ಹಾಕಿ. ಯಾವ ಸ್ಟಾಪರೂ ಕೀಲಿನ ಕಡೆಯ ಸಂದಿಯಿಂದ ಬೆರಳನ್ನು ಕಾಪಾಡುವುದಿಲ್ಲ ಎಂಬುದೂ ನೆನಪಿರಲಿ.

ಹಿರಿಯರಿರುವ ಮನೆಯಲ್ಲಿ ನೆಲ ಬಿಟ್ಟು ಗೋಡೆ. ಕೈ ಊರಿ ನಡೆಯುವವರು ಕದದ ಹಿಡಿಕೆಯನ್ನೇ ಆಸರೆಯಾಗಿ ಹಿಡಿಯುತ್ತಾರೆ. ತೆರೆದ ಕದ ಅಲುಗದಂತೆ ಹಿಡಿದಿಡುವ ಗೋಡೆಯ ಆಯಸ್ಕಾಂತ ಅಲ್ಲಿ ಉಪಕಾರಿ. ಸ್ನಾನದ ಮನೆಯ ಕದ ಒಳಕ್ಕೆ ತೆರೆಯುವಂತಿದ್ದು, ಅದನ್ನು ಬದಲಾಯಿಸುವ ಅವಕಾಶವಿದ್ದರೆ, ಸ್ಟಾಪರಿಗೆ ಹಾಕುವ ದುಡ್ಡಿನ ಬದಲು ಹೊರಕ್ಕೆ ತೆರೆಯುವಂತೆ ಮಾಡಿಸಿ. ಒಳಗೆ ಬಿದ್ದವರ ಮೈಯೇ ಬಾಗಿಲಿಗೆ ತಡೆಯಾಗುವುದಕ್ಕಿಂತ ಕೆಟ್ಟ ತಡೆ ಇನ್ನೊಂದಿಲ್ಲ.

ಬಾಡಿಗೆಯವರು ಅಂಟುವ ಬಿಲ್ಲೆ ಮತ್ತು ಬೆಣೆ ಎರಡನ್ನೂ ಕೊಂಡರೆ ನೂರೈವತ್ತು ರೂಪಾಯಿಯಲ್ಲಿ ತಡೆ, ಹಿಡಿತ ಎರಡೂ ಸಿಗುತ್ತದೆ. ಮನೆ ಬಿಡುವಾಗ ಬಿಲ್ಲೆಯನ್ನು ಕೀಳಬೇಡಿ, ಹೇರ್ ಡ್ರೈಯರಿನಿಂದ ಬಿಸಿ ಮಾಡಿ ಮೆಲ್ಲನೆ ಸುಲಿಯಿರಿ, ಇಲ್ಲದಿದ್ದರೆ ಅಡ್ವಾನ್ಸಿನಲ್ಲಿ ಬಣ್ಣದ ಖರ್ಚು ಮುರಿದುಕೊಳ್ಳುತ್ತಾರೆ.

ಇನ್ನೂ ಮನೆ ಕಟ್ಟುತ್ತಿರುವವರಿಗೆ ಒಂದು ಪೈಸೆಯ ಖರ್ಚಿಲ್ಲದ ದಾರಿಯಿದೆ. ಗೋಡೆಯಲ್ಲಿ ವೈರಿಂಗ್ ಪೈಪಿಗೆ ಸೀಳು ಕೊರೆಯುವ ಮೊದಲು ಚೌಕಟ್ಟಿನ ಬಳಿ ಬಡಗಿಯನ್ನೂ ಎಲೆಕ್ಟ್ರಿಷಿಯನ್‌ನನ್ನೂ ಒಟ್ಟಿಗೆ ನಿಲ್ಲಿಸಿ, ಕದ ಯಾವ ಕಡೆ ಬರುತ್ತದೆ ಎಂದು ಸೀಮೆಸುಣ್ಣದಲ್ಲಿ ನೆಲದ ಮೇಲೆ ಕಮಾನು ಬರೆಸಿ.

ತಂಗಿಯ ಮನೆಯಲ್ಲಿ ಏಳು ಬಾಗಿಲುಗಳಿವೆ. ಸಾಮಾನು ಬೇಕಾದದ್ದು ನಾಲ್ಕಕ್ಕೆ ಮಾತ್ರ. ತೇಗದ ಮುಂಬಾಗಿಲಿಗೆ ಗೋಡೆಯ ಆಯಸ್ಕಾಂತ, ಸ್ನಾನದ ಮನೆಯ ಕದಕ್ಕೆ ಗೋಡೆಯ ಗೂಟ, ತಾರಸಿಗೆ ಕೊಕ್ಕೆಯೂ ಸರಪಳಿಯೂ. ಬೋರ್ಡ್ ಒಡೆದ ಕೋಣೆಗೆ ನೆಲದ ಗುಬುಟೇ ಸರಿ ಎಂದು ತೀರ್ಮಾನವಾಯಿತು. ಆದರೆ ಕೊರೆಯುವ ಮೊದಲು ಆ ಗುರುತಿನ ಮೇಲೆ ಬಟ್ಟೆ ಸುತ್ತಿದ ಇಟ್ಟಿಗೆಯೊಂದನ್ನು ಒಂದು ವಾರ ಇಟ್ಟು ನೋಡು ಎಂದೆ. ನೀವೂ ಹಾಗೆಯೇ ಮಾಡಿ. ಮೂರನೆಯ ರಾತ್ರಿ ಅವಳ ಗಂಡ ಅದನ್ನು ಎಡವಿದರು. ಗುರುತು ಇದ್ದದ್ದು ಕೀಲಿನಿಂದ ಎಪ್ಪತ್ತು ಸೆಂಟಿಮೀಟರ್ ದೂರದಲ್ಲಿ. ನಾಲ್ಕು ಬೆರಳು ಈಚೆಗೆ ಸರಿಸಿದೆವು, ಮೂರನೇ ಎರಡು ಭಾಗದ ಲೆಕ್ಕ ಆಗಲೂ ಮೀರಲಿಲ್ಲ. ಉಳಿದ ನಾಲ್ಕು ದಿನ ಯಾರೂ ಎಡವಲಿಲ್ಲ. ಐದನೆಯ ದಿನ ಡ್ರಿಲ್ಲಿನವನನ್ನು ಕರೆಸಿದಳು.